ಸಾಯದೆ ಉಳಿಯುವ ಪಾತ್ರ

೧೪ ಅಕ್ಟೋಬರ್ ೧೯೫೮, ಮಂಗಳವಾರ. ಬರ್ಬ್ಯಾಂಕ್.

ಬೆನ್ನು ಇನ್ನೂ ನೋಯುತ್ತಿದೆ. ಟಿವಿಯ ಕೌಬಾಯ್ ಕಥೆಗಳಲ್ಲಿ ಇಷ್ಟು ವರ್ಷ ಗುಂಡೇಟು ತಿಂದು ಸಾಯುವುದೇ ನನ್ನ ಕಸುಬಾಗಿತ್ತು. ಈ ಸಲ ಮಾತ್ರ ಕೊನೆಯವರೆಗೂ ಬದುಕಿರುವ ಅಂಗಡಿಯವನ ಪಾತ್ರ. ಕಥೆಯ ಕಡೆಯ ಮಾತೂ ನನ್ನದೇ. ಆ ಖುಷಿಗೆ ಹೆಂಡತಿ ಮೇವಿಸ್ ಬೆಳಿಗ್ಗೆಯೇ ಸೇಬು ತುಂಬಿ ಬೇಯಿಸುವ ಪೈಗೆ ಹಿಟ್ಟು ಕಲಸಿದ್ದಳು.

ಮಧ್ಯಾಹ್ನ ನಿರ್ದೇಶಕ ಲೋವೆಲ್ ನನ್ನ ಹೆಗಲ ಮೇಲೆ ಕೈಯಿಟ್ಟ. "ಕಥೆ ಉದ್ದ ಆಗೋಯ್ತು, ಆರಿನ್. ಸೋಪಿನ ಜಾಹೀರಾತಿಗೆ ಇನ್ನೊಂದು ನಿಮಿಷ ಬೇಕಂತೆ. ನಿನ್ನನ್ನ ಮೊದಲೇ ಮುಗಿಸಿಬಿಡ್ತೀನಿ. ನಿನ್ನಷ್ಟು ಚೆನ್ನಾಗಿ ಇನ್ಯಾರಯ್ಯಾ ಸಾಯ್ತಾರೆ?"

ಹೊಗಳಿಕೆಯೇ ಇರಬೇಕು. ಬಿದ್ದೆ. ಕಣ್ಣು ಮುಚ್ಚಿ ಹಲಗೆ ನೆಲದ ಮೇಲೆ ಮಲಗಿದ್ದಾಗ, ನನ್ನ ಕಡೆಯ ಮಾತನ್ನು ನಾಯಕ ಆಡಿದ. ಚೆನ್ನಾಗಿ ಆಡಲಿಲ್ಲ. ಹೆಣ ಎದ್ದು ತಿದ್ದುವಂತಿಲ್ಲವಲ್ಲ.

ಮನೆಗೆ ಬಂದರೆ ಬಾಗಿಲವರೆಗೂ ದಾಲ್ಚಿನ್ನಿಯ ಘಮ. ಮೇವಿಸ್ ದಿನಾ ಕೇಳುವುದನ್ನೇ ಕೇಳಿದಳು: "ಏನ್ರೀ, ಇವತ್ತು ಉಳಿದ್ರಾ, ಹೋದ್ರಾ?"

"ಉಳಿದೆ ಕಣೇ."

ಪೈಯಲ್ಲಿ ದೊಡ್ಡ ತುಂಡನ್ನೇ ನನಗೆ ಹಾಕಿದಳು.

ಮುಂದಿನ ತಿಂಗಳು ಟಿವಿಯಲ್ಲಿ ಅವಳೇ ನೋಡುತ್ತಾಳೆ. ಅಲ್ಲಿಯವರೆಗೆ ಬದುಕಿರುತ್ತೇನೆ.