ಮೂರನೆಯ ಬೊಟ್ಟು

ಅಕ್ಟೋಬರ್ 4

ಇವತ್ತೂ ಮೊಟ್ಟೆ ತುಂಬಿದ ಹಿಲ್ಸಾ ಮೀನು ತಂದಿದ್ದಾರೆ ಇವರು. ಅದಕ್ಕೆ ರುಚಿ ಇರುವುದಿಲ್ಲ ಅಂತ ಮದುವೆಯಾದಾಗಿನಿಂದ ಹೇಳುತ್ತಿದ್ದೇನೆ. ಗೋರ್ಕಲ್ಲ ಮೇಲೆ ಮಳೆ ಸುರಿದಂತೆ. ಅತ್ತೆ ವಿಧವೆ, ಅವರ ಮೀನಿಲ್ಲದ ಸಪ್ಪೆ ಅಡುಗೆ ಬೇರೆ ಒಲೆಯಲ್ಲಿ. ಎರಡೂ ಮುಗಿಯುವ ಹೊತ್ತಿಗೆ ಒಂದು ಗಂಟೆ.

ಪತ್ರಿಕೆಯ ದುರ್ಗಾಪೂಜಾ ವಿಶೇಷಾಂಕ ಬಂತು. ಮೊದಲ ಪುಟದಲ್ಲೇ ಮಣಿದಾನ, ಅಂದರೆ ಮಣಿ ಅಣ್ಣನ, ಪದ್ಯ. ಹೆಂಡತಿಯ ಸೋದರಮಾವನ ಮಗ ಅಂತ ಇವರು ಆಫೀಸಿನಲ್ಲೆಲ್ಲ ಹೇಳಿಕೊಂಡು ತಿರುಗುತ್ತಾರೆ. ಊಟಕ್ಕೆ ಕೂತು ಗಟ್ಟಿಯಾಗಿ ಓದಿದರು. ಮತ್ತೆ ಅದೇ ಹುಡುಗಿ — ಎಡ ಹುಬ್ಬಿನಲ್ಲಿ ಗಾಯದ ಗೆರೆ ಇರುವವಳು.

"ಯಾರೇ ಇವಳು? ಸಿನಿಮಾದವಳು ಅಂತಾನೆ ನಮ್ಮ ಹೆಡ್ ಕ್ಲರ್ಕು."

"ಇರಬಹುದು."

"ಒಟ್ಟಿಗೆ ಬೆಳೆದೋಳು, ನಿಂಗೂ ಗೊತ್ತಿಲ್ವಾ?"

ಬಗ್ಗಿ ಬೇಳೆ ಬಡಿಸುತ್ತಿದ್ದೆ. ನನ್ನ ಮುಖ ಅವರ ಕಣ್ಣಿಗೆ ಒಂದು ಗೇಣು ದೂರ. ಚಿಕ್ಕವಳಿದ್ದಾಗ ಸೀಬೆಮರದಿಂದ ಬಿದ್ದ ಗಾಯ, ಹುಬ್ಬಿನಲ್ಲೇ ಇದೆ. ನಿಂಬೆಹಣ್ಣು ಕೇಳಿದರು. ಕೊಟ್ಟೆ.

ಆ ಪದ್ಯಗಳ ಹೊರಗೆ ನನ್ನನ್ನು ಯಾರೂ ನೋಡಿಲ್ಲ.

ಅಕ್ಟೋಬರ್ 15

ಲಕ್ಷ್ಮೀಪೂಜೆ. ಅಕ್ಕಿಹಿಟ್ಟು ಕದಡಿ ನೆಲಕ್ಕೆ ರಂಗೋಲಿ ಬರೆಯುತ್ತಿದ್ದೆ. ಮಣಿದಾನ ತಾಯಿ ಬಂದರು. ಮಾಮಿ ಇಷ್ಟು ಇಳಿದುಹೋದದ್ದು ಯಾವಾಗ? ಅವನಿಗೆ ತಿಂಗಳಿಂದ ಜ್ವರವಂತೆ. ಕೆಮ್ಮಿದರೆ ರಕ್ತ. ಡಾಕ್ಟರು ಬರುತ್ತಾರೆ, ಕೈ ತೊಳೆಯುತ್ತಾರೆ, ಏನೂ ಹೇಳದೆ ಹೋಗುತ್ತಾರೆ.

"ಈ ಸಲ ಭಾಯಿ ಫೋಟಾಕ್ಕೆ ನೀನೇ ಬಂದು ಅವನ ಹಣೆಗೆ ಬೊಟ್ಟಿಡು ಟುನು. ನನ್ನ ಹೊಟ್ಟೇಲಿ ಹೆಣ್ಣು ಹುಟ್ಟಲಿಲ್ಲ. ಅವನಿಗೆ ತಂಗಿ ಅಂದ್ರೆ ನೀನೇ."

ರಂಗೋಲಿಯ ಗೆರೆ ಮುಂದುವರಿಸಿದೆ.

"ಇಷ್ಟು ವರ್ಷ ಗೋಡೆಗಾದ್ರೂ ಇಡ್ತಿದ್ದೆ ತಾನೆ, ಅವನ ಹೆಸರಲ್ಲಿ?"

"ಹ್ಞೂಂ ಮಾಮಿ."

ಸುಳ್ಳು. ಭಾಯಿ ಫೋಟಾ ದಿನ ಅಣ್ಣತಮ್ಮಂದಿರ ಹಣೆಗೆ ಚಂದನದ ಬೊಟ್ಟು; ದೂರದಲ್ಲಿರುವವರದನ್ನು ಗೋಡೆಗಿಡುತ್ತೇವೆ. ದಿಲ್ಲಿಯ ಅಣ್ಣನಿಗೆ, ಪಾಟ್ನಾದ ತಮ್ಮನಿಗೆ ಒಂದು ವರ್ಷವೂ ತಪ್ಪಿಸಿಲ್ಲ. ತಂಗಿ ಇಟ್ಟ ಬೊಟ್ಟು ಯಮನ ಬಾಗಿಲಿಗೆ ಹಾಕಿದ ಮುಳ್ಳು. ಮಣಿದಾಗೆ ಮಾತ್ರ ಹದಿನಾರು ವರ್ಷದಿಂದ ಇಟ್ಟಿಲ್ಲ. ಕೊನೆಯ ಸಲ ಬೆರಳು ಹಣೆಯ ಹತ್ತಿರ ಹೋದಾಗ ಮಣಿಕಟ್ಟು ಹಿಡಿದುಬಿಟ್ಟಿದ್ದ. "ನೀನು ಮಾತ್ರ ಬೇಡ" ಅಂದ. ಆಮೇಲೆ ಆ ಹಬ್ಬದ ದಿನ ನಮ್ಮ ಮನೆಗೆ ಬರುವುದನ್ನೇ ಬಿಟ್ಟ. ನಾನೂ ಗೋಡೆಯಲ್ಲಿ ಅವನಿಗೆ ಜಾಗ ಕೊಡಲಿಲ್ಲ. ಖುಷಿಯಿಂದಲೇ ಕೊಡಲಿಲ್ಲ.

ಹದಿನಾರು ವರ್ಷ ಯಮನ ಬಾಗಿಲು ತೆರೆದಿಟ್ಟವಳು ನಾನು.

ಅಕ್ಟೋಬರ್ 21

ಕೆಳಮನೆಯ ಮದ್ರಾಸಿನ ಅಲಮೇಲು ಕಾಫಿಪುಡಿ ಕೊಡಲು ಬಂದಿದ್ದಳು. ಅತ್ತೆ ಮಣಿದಾನ ಕಾಯಿಲೆ ವರದಿ ಒಪ್ಪಿಸಿದರು.

"ಸೋದರಮಾವನ ಮಗನಾ? ನಮ್ಮ ಕಡೆ ಆಗಿದ್ರೆ ಇವರನ್ನ ಅವರಿಗೇ ಕೊಡ್ತಿದ್ರು" ಅಂತ ನನ್ನ ಕಡೆ ನೋಡಿ ನಕ್ಕಳು.

"ರಾಮ ರಾಮ! ಅಣ್ಣನ್ನೇ ಕಟ್ಕೊಳ್ಳೋದಾ? ನೀವೇನು ಮನುಷ್ಯರೋ ಏನು ಕಥೆಯೋ!" ಅಂದರು ಅತ್ತೆ.

ಅವಳು ಹೋದ ಮೇಲೆ ಮೆಟ್ಟಿಲಿಗೆ ಗಂಗಾಜಲ ಚಿಮುಕಿಸಿದರು. ನನ್ನ ಕೈಯಲ್ಲಿದ್ದ ಲೋಟ ಬಿತ್ತು. ಒಡೆಯಲಿಲ್ಲ.

ಅಕ್ಟೋಬರ್ 30

ಕಾಳಿಪೂಜೆ. ಸಂಜೆಯಿಂದ ಪಟಾಕಿ. ನಾಡಿದ್ದು ಭಾಯಿ ಫೋಟಾಕ್ಕೆ ಮಾಮಿಯ ಮನೆಗೆ ಹೋಗಲೇ ಅಂದೆ.

"ಧಾರಾಳವಾಗಿ ಹೋಗಿ ಬಾ" ಅಂದರು ಇವರು. "ನನ್ನ ಹತ್ರ ಇರೋ ಅವನ ಪದ್ಯದ ಪುಸ್ತಕಕ್ಕೆ ಒಂದು ಸಹಿ ಹಾಕಿಸ್ಕೊಂಡು ಬಾ."

ನವೆಂಬರ್ 1, ಬೆಳಗ್ಗೆ 6

ಹುಲ್ಲಿನ ಇಬ್ಬನಿ ಬಟ್ಟಲಿಗೆ ಹಿಡಿದು ಅದರಲ್ಲೇ ಚಂದನ ತೇಯ್ದೆ. ಉಪವಾಸ. ಅವನ ಹಣೆಗೆ ಮೂರು ಸಲ ಇಡಬೇಕು. ಮೂರಾದರೆ ಅವನು ಅಣ್ಣ, ಬದುಕುತ್ತಾನೆ. ಹುಬ್ಬಿನ ಗೆರೆಯವಳು ಅಲ್ಲಿಗೆ ಮುಗಿದಳು. ಮುಗಿಯಲಿ. ಅವನಿರಲಿ.

ಅದೇ ದಿನ, ಸಂಜೆ

ಹೊರಟಾಗ ಅತ್ತೆ "ದುರ್ಗಾ, ದುರ್ಗಾ" ಅಂದರು. ಹೊಸ್ತಿಲು ದಾಟಿದ್ದೆ — ಇವರು ಹಿಂದಿನಿಂದ ಕೂಗಿದರು. "ಏಯ್, ಪುಸ್ತಕ ಮರೆತೆ!" ಹೊರಟವರನ್ನು ಹಿಂದಿನಿಂದ ಕೂಗಬಾರದು. ಅತ್ತೆ ಬೈದು ಒಂದು ಗಳಿಗೆ ಕೂರಿಸಿದರು. ಕೂತು ಹೋದೆ. ಆದರೂ...

ಮಣಿದಾ ಹಾಸಿಗೆಗೆ ಅಂಟಿಹೋಗಿದ್ದಾನೆ. ಕಣ್ಣು ಮಾತ್ರ ಹಳೆಯವು. ನೇರ ನನ್ನ ಹುಬ್ಬಿಗೇ ಬಂದವು.

"ಇಡೋಕೇ ಬಂದ್ಯಾ?"

"ಬಾಯಿ ಮುಚ್ಕೊಂಡು ತಲೆ ಎತ್ತು."

ಎಡಗೈ ಕಿರುಬೆರಳಿನಿಂದ ಒಂದು ಸಲ. ಎರಡು ಸಲ. ಹಣೆ ಕಾದ ಹೆಂಚು. ಮಾಮಿ ಶಂಖ ಊದಲು ಪಕ್ಕದ ಕೋಣೆಗೆ ಹೋಗಿದ್ದರು.

"ಎರಡು ಸಾಕು ಟುನು. ಮೂರನೇದು ಇಟ್ರೆ ಅವಳು ಸಾಯ್ತಾಳೆ. ಇನ್ನೊಂದು ಪುಸ್ತಕ ಬರೀಬೇಕು ನಾನು."

ಅವನು ಕೈ ಹಿಡಿಯಲಿಲ್ಲ. ಹಿಡಿಯುವ ಶಕ್ತಿಯೂ ಇರಲಿಲ್ಲ. ಬೆರಳು ತಾನಾಗಿ ನಿಂತಿತು. ಇಲ್ಲಿ ಸುಳ್ಳೇಕೆ — ನಾನೇ ನಿಲ್ಲಿಸಿದೆ. ಸಾಯುವುದು ಅವಳಿಗೂ ಬೇಡವಾಗಿತ್ತು. ಮುಗಿಯಿತೆಂದುಕೊಂಡು ಮಾಮಿ ಶಂಖ ಊದಿದರು. ಸಂದೇಶ್ ಮಿಠಾಯಿ ತಿನ್ನಿಸಿದೆ, ಚೂರು ನುಂಗಿದ. ಮಾಮಿ ನನ್ನ ಕೆನ್ನೆ ಹಿಡಿದು ಅತ್ತರು. "ನನ್ನ ಮಗನ್ನ ಉಳಿಸ್ದೆ ಕಣೇ."

ನವೆಂಬರ್ 2

ಸಹಿ ನೋಡಿ ಇವರಿಗೆ ಸಂತೋಷ. ದೀಪದ ಹತ್ತಿರ ಹಿಡಿದು ನೋಡಿದರು.

"ಅಕ್ಷರ ನಡುಗಿದೆ. ಇದೇ ಕೊನೇದಾದ್ರೆ ಇದಕ್ಕೆ ಬೆಲೆ ಬರುತ್ತೆ, ನೋಡ್ತಿರು."

ಎದ್ದು ಹೋದೆ.

ನವೆಂಬರ್ 6, ಬೆಳಗ್ಗೆ

ನಾಲ್ಕು ದಿನ ಸುದ್ದಿ ಇಲ್ಲ. ಗೋಡೆಯಲ್ಲಿ ಅಣ್ಣನ, ತಮ್ಮನ ಬೊಟ್ಟು ಒಣಗಿ ಬಿರಿದಿವೆ. ಪಕ್ಕದಲ್ಲಿ ಜಾಗ ಇದೆ.

ನನಗೆ ಪದ್ಯ ಬೇಡ. ಯಾರೂ ನನ್ನನ್ನು ನೋಡುವುದು ಬೇಡ. ಉಳಿದ ಒಂದನ್ನು ಈಗಲೇ ಗೋಡೆಗಿಟ್ಟುಬಿಡುತ್ತೇನೆ. ದಿನ ಮೀರಿದ್ದರೇನು, ತಂಗಿ ತಡವಾಗಿ ಬಂದರೆ ಯಮ ಒಂದು ಗಳಿಗೆ ಕಾಯುವುದಿಲ್ಲವೇ. ಸಾಣೆಕಲ್ಲು ಇಲ್ಲೇ ಇಟ್ಟುಕೊಂಡಿದ್ದೇನೆ. ಚಂದನ ತೇಯಬೇಕು, ಅಷ್ಟೇ.

ಮೆಟ್ಟಿಲಲ್ಲಿ ಯಾರೋ. ಮಾಮಿಯ ದನಿ. ಅಳುತ್ತಿಲ್ಲ, ಬರೀ ನನ್ನ ಹೆಸರು ಕೂಗುತ್ತಿದ್ದಾರೆ. ಅತ್ತೆ ಬಾಗಿಲು ತೆಗೆಯುತ್ತಿದ್ದಾರೆ. ತೆಗೆಯಬೇಡಿ. ಇನ್ನೂ ತೇಯ್ದಿಲ್ಲ, ಒಂದೇ ಒಂದು ಬೊಟ್ಟು, ಒಂದು ನಿಮಿಷ ಮಾಮಿ, ಒಂದೇ