ಗೋಡೆ ದಾಟಿದ ಎರಡು ಸದ್ದು

ಹಳೇ ಮನೆ,
ಏಳನೇ ಅಡ್ಡರಸ್ತೆ
ಮಾರ್ಚ್ ೯, ಭಾನುವಾರ ಬೆಳಿಗ್ಗೆ

ಪ್ರೀತಿಯ ಡಬ್ಬನಿಗೆ,

ನಿನ್ನ ಕಂಬನ ನಮಸ್ಕಾರ. ಕವರಿನ ಮೇಲಿನ ಕೋಳಿ ಕಾಲಿನ ಅಕ್ಷರ ನೋಡಿಯೇ ಯಾರೆಂದು ಗೊತ್ತಾಗಿರುತ್ತದೆ. ಗೊತ್ತಾಗಿಯೂ ಒಡೆದು ಓದುತ್ತಿದ್ದರೆ ಅದು ನಿನ್ನ ದೊಡ್ಡಗುಣ. ನೀನು, ನನಗೆ ತಂಗಿಯಂಥ ನಿನ್ನ ಹೆಂಡತಿ, ಮಗಳು ಎಲ್ಲರೂ ಕ್ಷೇಮವೆಂದು ನಂಬಿದ್ದೇನೆ. ಆರು ವರ್ಷದಲ್ಲಿ ನಿನಗೆ ಒಂದು ಸಾಲು ಬರೆಯಲಿಲ್ಲ. ಕೆಲಸ ಜಾಸ್ತಿ, ತಿರುಗಾಟ ಜಾಸ್ತಿ ಎಂದೆಲ್ಲ ಬರೆದು ನಾಲ್ಕು ಹಾಳೆ ಹರಿದು ಹಾಕಿದೆ. ನಿನ್ನ ಮುಂದೆ ಕಾಗಕ್ಕ ಗುಬ್ಬಕ್ಕನ ಕಥೆ ನಡೆಯುವುದಿಲ್ಲ. ಮುಖ ಇರಲಿಲ್ಲ, ಅದಕ್ಕೇ ಬರೆಯಲಿಲ್ಲ. ಫೋನ್ ಮಾಡಬಹುದಿತ್ತು. ಆದರೆ ನಿನ್ನ ‘ಹಲೋ’ ಕೇಳಿದ ಕೂಡಲೇ ನಾನು ಬಿಸಿಲಿನ ಬಗ್ಗೆ ಎರಡು ಮಾತಾಡಿ ಇಟ್ಟುಬಿಡುತ್ತೇನೆ ಎಂದು ನನಗೇ ಗೊತ್ತಿತ್ತು.

ವಿಳಾಸ ಕೊಟ್ಟವರು ನಿನ್ನ ಅಕ್ಕ. ಔಷಧಿ ಅಂಗಡಿಯಲ್ಲಿ ಸಿಕ್ಕಿದ್ದರು. ನೀನು ಪೇಂಟ್ ಅಂಗಡಿಯಲ್ಲಿ ಬಣ್ಣ ಬೆರೆಸುವ ಕೆಲಸದಲ್ಲಿದ್ದೀಯಂತೆ. “ಗೋಡೆಯಿಂದ ಉಗುರಷ್ಟು ಚಕ್ಕೆ ಕಿತ್ತು ತಂದ್ಕೊಟ್ರೂ ಅದೇ ಬಣ್ಣ ಮಾಡ್ಕೊಡ್ತಾನೆ ನಮ್ಮ ತಮ್ಮ” ಎಂದು ಹೆಮ್ಮೆಯಿಂದ ಹೇಳಿದರು. ಆಮೇಲೆ ದನಿ ತಗ್ಗಿಸಿ, “ಮನೇಲಿ ರೇಡಿಯೋ ಹಾಕೋ ಹಾಗಿಲ್ಲ ಕಣಪ್ಪ” ಎಂದರು. ನಾನು ಮಾತ್ರೆಯ ಚೀಟಿ ಓದುವವನ ಹಾಗೆ ತಲೆ ಬಗ್ಗಿಸಿಕೊಂಡೆ.

ನಮ್ಮ ಬಡಾವಣೆ ನೀನು ಬಿಟ್ಟು ಹೋದ ಹಾಗಿಲ್ಲ. ನಾವು ಸೈಕಲ್ ಕಲಿತ ಖಾಲಿ ಸೈಟುಗಳಲ್ಲೆಲ್ಲ ಮೂರು ಮಹಡಿಯ ಮನೆಗಳು ಎದ್ದಿವೆ. ಬೇಕರಿ ಇದ್ದಲ್ಲಿ ಕನ್ನಡಕದ ಅಂಗಡಿ. ಆರನೇ ಅಡ್ಡರಸ್ತೆಯ ನಾಯಿಗಳು ಮಾತ್ರ ಏಳನೆಯವರನ್ನು ಈಗಲೂ ಒಳಗೆ ಬಿಟ್ಟುಕೊಳ್ಳುವುದಿಲ್ಲ. ನಮ್ಮ ಕಾರ್ ಶೆಡ್ಡು ಇದೆ, ಕಾರಿಲ್ಲ. ಮೂಲೆಯಲ್ಲಿ ನಿನ್ನ ದೊಡ್ಡ ಡ್ರಮ್ಮು ಜಾರದಿರಲೆಂದು ನೆಲಕ್ಕೆ ಬಡಿದ ಮರದ ಪಟ್ಟಿಗೆ ಅಮ್ಮ ದಿನಾ ಒಂದು ಸಲ ಎಡವಿ ನಿನ್ನನ್ನು ಬೈಯುತ್ತಾಳೆ. ಬೈದ ಮೇಲೆ “ಹೇಗಿದಾನೋ ಏನೋ” ಎನ್ನುತ್ತಾಳೆ.

ಈಗ ವಿಷಯಕ್ಕೆ ಬರುತ್ತೇನೆ. ಇದೇ ಇಪ್ಪತ್ತಮೂರಕ್ಕೆ ಪಾರ್ಕಿನಲ್ಲಿ ನಿವಾಸಿಗಳ ಸಂಘದವರು ನನಗೆ ಸನ್ಮಾನ ಇಟ್ಟುಕೊಂಡಿದ್ದಾರೆ. ಕಾರ್ಯದರ್ಶಿ ಯಾರು ಗೊತ್ತೇ? ನಾವು ಪ್ರಾಕ್ಟೀಸ್ ಮಾಡುವಾಗ ನಮ್ಮ ಮನೆಯ ಫ್ಯೂಸ್ ಕಿತ್ತುಕೊಂಡು ಹೋಗಿದ್ದನಲ್ಲ, ಆ ಮಹಾನುಭಾವನೇ. ರಸ್ತೆಯ ತುದಿಯಲ್ಲಿ ‘ಬಡಾವಣೆಯ ಹೆಮ್ಮೆಯ ಪುತ್ರ’ ಎಂದು ನನ್ನ ಫೋಟೋ ಕಟ್ಟಿಸಿದ್ದಾನೆ. ಮೊನ್ನೆ ಮನೆಗೆ ಬಂದು ವಾದ್ಯವನ್ನು ಸುತ್ತಲೂ ನೋಡಿ, “ಗಿಟಾರ್ ಅಂದ್ರೆ ಆರು ತಂತಿ ಅಲ್ವಾ ಸಾರ್? ಇನ್ನೆರಡು ರಿಪೇರಿಗೆ ಹೋಗಿದ್ಯಾ?” ಎಂದ. ಇಪ್ಪತ್ತಾರು ವರ್ಷ ಬೇಸ್ ಗಿಟಾರ್ ನುಡಿಸಿ ನಾನು ಗಳಿಸಿದ ಕೀರ್ತಿ ಇಷ್ಟು.

ನಗು ಬಂತು. ಆದರೆ ಅವನ ಮುಂದಿನ ಮಾತಿಗೆ ವಾದ್ಯವನ್ನು ಪೆಟ್ಟಿಗೆಗೆ ಹಾಕಿ ಮುಚ್ಚಿದೆ. ಅವರಿಗೆ ‘ಶೆಡ್ಡಿನ ಓಟ’ ಬೇಕಂತೆ. ಬೇರೆ ಏನೂ ಬೇಡವಂತೆ. ಇಲ್ಲಿ ಹುಟ್ಟಿದ ಟ್ಯೂನ್ ಇಲ್ಲೇ ಕೇಳಬೇಕು ಎಂದು ಕಾರ್ಡಿನಲ್ಲೂ ಅಚ್ಚು ಹಾಕಿಸಿಬಿಟ್ಟಿದ್ದಾರೆ. ಅದರ ಮೊದಲ ಎರಡು ನಿಮಿಷ ಹಾಡಿಲ್ಲ, ಕೀಬೋರ್ಡ್ ಇಲ್ಲ. ನಿನ್ನ ಡ್ರಮ್ಮು, ನನ್ನ ಬೇಸು, ಇಬ್ಬರದೇ ಓಟ. ನೀನು ಬ್ಯಾಂಡಿನಿಂದ ಹೋದ ಮೇಲೆ ಅದನ್ನು ನಾವು ಒಮ್ಮೆಯೂ ನುಡಿಸಿಲ್ಲ. ಕೇಳಿದವರಿಗೆಲ್ಲ ಹಳೇ ಗೆಳೆಯನ ಗೌರವಕ್ಕೆ ಬಿಟ್ಟಿದ್ದೇವೆ ಎಂದು ಹೇಳುತ್ತಾ ಬಂದೆ.

ನಿಜ ಏನೆಂದರೆ, ಡಬ್ಬ, ನನಗೆ ಅದನ್ನು ನುಡಿಸಲು ಬರುವುದಿಲ್ಲ. ಎರಡು ವರ್ಷದಿಂದ ನನ್ನ ಎಡಗೈಯ ಉಂಗುರದ ಬೆರಳು ಮಾತು ಕೇಳುತ್ತಿಲ್ಲ. ಅಂಗಿಯ ಗುಂಡಿ ಹಾಕುತ್ತದೆ, ತರಕಾರಿ ಹಿಡಿಯುತ್ತದೆ, ಈ ಹಾಳೆಯನ್ನೂ ಒತ್ತಿ ಹಿಡಿದಿದೆ. ತಂತಿಯ ಮೇಲೆ ಇಟ್ಟ ಕ್ಷಣ ಮಡಿಚಿಕೊಂಡು ಅಂಗೈಗೆ ಸೇರುತ್ತದೆ. ಕಿರುಬೆರಳೂ ಅದರ ಹಿಂದೆಯೇ ಹೋಗುತ್ತದೆ. ಡಾಕ್ಟರು ಪಾಪ ಒಳ್ಳೆಯವರು. “ಬೆರಳಿಗೆ ಏನೂ ಆಗಿಲ್ಲ, ಮಿದುಳಿಗೆ ಆ ಬೆರಳು ಬೇರೆ, ಪಕ್ಕದ ಬೆರಳು ಬೇರೆ ಅನ್ನೋದು ಮರೆತುಹೋಗಿದೆ. ಒಂದೇ ಕೆಲಸ ಲಕ್ಷ ಸಲ ಮಾಡಿದೋರಿಗೆ ಹೀಗಾಗತ್ತೆ” ಎಂದರು. ವಾಸಿಯಾಗುತ್ತದೆಯೇ ಎಂದು ಕೇಳಿದೆ. ಅವರು ಪೆನ್ನಿನ ಮುಚ್ಚಳ ಹಾಕಿದರು.

ಬ್ಯಾಂಡಿನಲ್ಲಿ ಯಾರಿಗೂ ಗೊತ್ತಿಲ್ಲ. ನಾಲ್ಕು ಸ್ವರ ಇದ್ದಲ್ಲಿ ಎರಡು ನುಡಿಸುತ್ತೇನೆ, ಎರಡು ಇದ್ದಲ್ಲಿ ಒಂದು. ಅದಕ್ಕೆ ಪೇಪರಿನವರು ಏನು ಬರೆದರು ಗೊತ್ತೇ? ‘ವಯಸ್ಸು ತಂದ ಸಂಯಮ. ಎಲ್ಲಿ ನುಡಿಸಬಾರದು ಎಂಬುದನ್ನು ಬಲ್ಲ ವಾದಕ.’ ಆ ಪೇಪರನ್ನು ಅಮ್ಮ ಕತ್ತರಿಸಿ ಬೀರುವಿನಲ್ಲಿ ಇಟ್ಟಿದ್ದಾಳೆ. ಕುಂಟನ ನಡಿಗೆಯನ್ನು ಠೀವಿ ಎಂದು ಹೊಗಳಿದ ಹಾಗೆ. ಓದಿದಾಗಲೆಲ್ಲ ಮೈ ಉರಿಯುತ್ತದೆ.

ವಿಶ್ರಾಂತಿಗೆ ಬಂದಿದ್ದೇನೆ ಎಂದು ಅಮ್ಮನಿಗೆ ಹೇಳಿ ಮೂರು ವಾರದಿಂದ ಶೆಡ್ಡಿನಲ್ಲಿ ಕೂತಿದ್ದೇನೆ. ಬೆರಳಿಗೆ ಟೇಪು ಸುತ್ತಿ ನೋಡಿದೆ. ಬಿಸಿನೀರಿಗೆ ಹಾಕಿ ನೋಡಿದೆ, ಐಸಿಗೆ ಹಾಕಿ ನೋಡಿದೆ. ಪಕ್ಕದ ಬೆರಳಿಗೆ ಕಡ್ಡಿ ಕಟ್ಟಿದೆ. ಚರ್ಮ ಕಿತ್ತು ಬಂತೇ ಹೊರತು ಬೆರಳು ಬಗ್ಗಲಿಲ್ಲ. ಅಲ್ಲ, ಬಗ್ಗಿತು, ಅದೇ ತಾನೇ ಕಷ್ಟ. ಮೊನ್ನೆ ಗುರುವಾರ ಮಧ್ಯಾಹ್ನ ಏನು ಮಾಡಿದೆ ಎಂದು ಹೇಳುತ್ತೇನೆ, ಬೇರೆ ಯಾರಿಗೂ ಹೇಳಬೇಡ. ಶೆಡ್ಡಿನ ಕಬ್ಬಿಣದ ಬಾಗಿಲು ತೆರೆದು, ಕೀಲಿನ ಸಂದಿನಲ್ಲಿ ಎಡಗೈ ಇಟ್ಟು ನಿಂತೆ. ಬಲಗೈಯಿಂದ ಒಂದು ಸಲ ಎಳೆದರೆ ಸಾಕು. ‘ಅಪಘಾತವಾಯಿತಂತೆ ಪಾಪ’ ಎನ್ನುತ್ತಾರೆ, ಗೌರವದಿಂದ ಮನೆಯಲ್ಲಿ ಕೂರಬಹುದು. ಎಷ್ಟು ಹೊತ್ತು ನಿಂತಿದ್ದೆನೋ ಗೊತ್ತಿಲ್ಲ. ಅಮ್ಮ ಬಟ್ಟೆ ಒಣಹಾಕಲು ಬಂದವಳು ನೋಡಿ, “ಅಲ್ಲಿ ಕೈ ಇಡಬೇಡ ಮಗಾ, ಗಾಳಿಗೆ ಬಡ್ಕೊಳತ್ತೆ. ನಿಮ್ಮಪ್ಪನ ಬೆರಳು ಹಾಗೇ ಜಜ್ಜಿದ್ದು” ಎಂದಳು. ಕೈ ತೆಗೆದೆ. ಅವಳಿಗೆ ಬಕೆಟ್ ಎತ್ತಿಕೊಟ್ಟೆ.

ನಿನ್ನೆ ಟೈಪಿಂಗ್ ಮೇಷ್ಟ್ರು ಬಂದಿದ್ದರು. ಶೆಡ್ಡಿಗೂ ಅವರ ಮನೆಗೂ ಒಂದೇ ಗೋಡೆ, ಮರೆತಿರಲಾರೆ. ನಾವು ಶುರು ಮಾಡಿದ ಐದು ನಿಮಿಷಕ್ಕೆ ಕೋಲಿನಿಂದ ಗೋಡೆ ಕುಟ್ಟುತ್ತಿದ್ದವರು. ಹಾಡುಗಾರನ ದನಿ, ಕೀಬೋರ್ಡು ಎಲ್ಲ ಶೆಡ್ಡಿನಲ್ಲೇ ಉಳಿಯುತ್ತಿತ್ತು. ಗೋಡೆ ದಾಟುತ್ತಿದ್ದದ್ದು ನಿನ್ನ ದೊಡ್ಡ ಡ್ರಮ್ಮಿನ ಗುದ್ದು ಮತ್ತು ನನ್ನ ನಾಲ್ಕು ತಂತಿ, ಎರಡೇ. ಈಗ ಅವರಿಗೆ ಎಂಬತ್ತೊಂದು. ಎರಡು ಮೆಟ್ಟಿಲು ಹತ್ತಲು ನನ್ನ ತೋಳು ಹಿಡಿದುಕೊಂಡರು. ಕುರ್ಚಿಯಲ್ಲಿ ಕೂತವರೇ, “ಎಡಗೈ ಉಂಗುರದ ಬೆರಳು, ಅಲ್ವೇನಯ್ಯಾ?” ಎಂದರು.

ನಾನು ಎಡಗೈಯನ್ನು ಬೆನ್ನ ಹಿಂದೆ ಸರಿಸಿದೆ. ಅವರೇ ಹೇಳಿದರು: “ನಲವತ್ತು ಮಿಷನ್ನು ಒಟ್ಟಿಗೆ ಹೊಡೀತಿದ್ರೆ, ಕಣ್ಮುಚ್ಕೊಂಡು, ಮೂರನೇ ಸಾಲಿನ ಹುಡುಗಿಯ ಯಾವ ಬೆರಳು ಸೋಮಾರಿ ಅಂತ ಹೇಳ್ತಿದ್ದೆ. ನಿಂದು ಗೊತ್ತಾಗಲ್ವಾ? ಮೂರು ವಾರದಿಂದ ಒಂದೇ ಕಡೆ ಬೀಳ್ತಿದ್ದೀಯ.” ಡಾಕ್ಟರು, ಮ್ಯಾನೇಜರು, ಹಾಡುಗಾರ, ಸಾವಿರಾರು ಜನ ಯಾರಿಗೂ ಕೇಳಿಸದ್ದು ಗೋಡೆಯಾಚೆ ಕೂತ ಮುದುಕನಿಗೆ ಕೇಳಿಸಿದೆ. ನಾನು ಅವರ ಮುಂದೆ ಮಗುವಿನ ಹಾಗೆ ಅತ್ತುಬಿಟ್ಟೆ. ಅವರು ಕೋಲಿನ ಹಿಡಿ ಒರೆಸುತ್ತಾ ಕೂತಿದ್ದರು. ಹೋಗುವಾಗ ನಿನ್ನ ವಿಷಯ ಕೇಳಿದರು.

ಅದಕ್ಕೇ ಬರೆಯುತ್ತಿದ್ದೇನೆ. ಇಪ್ಪತ್ತಮೂರಕ್ಕೆ ನೀನು ಬಾ. ನೀನು ಡ್ರಮ್ಮು ಮಾರಿಬಿಟ್ಟೆ ಎಂದು ಗೊತ್ತು, ಇಲ್ಲಿ ವ್ಯವಸ್ಥೆ ಮಾಡುತ್ತೇನೆ. ಹೊಸ ಡ್ರಮ್ಮರ್ ಹುಷಾರು, ಆದರೆ ಅವನ ಜೊತೆ ನುಡಿಸುವಾಗ ನಾನು ಪ್ರತಿ ಏಟನ್ನೂ ಯೋಚಿಸಬೇಕು. ನಿನ್ನ ಜೊತೆ ನಾನು ಯಾವತ್ತೂ ಯೋಚಿಸಿದವನಲ್ಲ. ನೀನು ಪಕ್ಕದಲ್ಲಿದ್ದರೆ ಎರಡು ಬೆರಳಲ್ಲಾದರೂ ದಡ ಮುಟ್ಟಿಯೇನು. ಮ್ಯಾನೇಜರ್ ನಿನ್ನನ್ನು ಬ್ಯಾಂಡಿನಿಂದ ಕಳಿಸಿದ ದಿನ ಮೆಟ್ಟಿಲ ಮೇಲೆ ನಿಂತು ನೀನು, “ನಿಂಗೂ ಹಾಗೇ ಅನ್ನಿಸ್ತಾ?” ಎಂದು ಕೇಳಿದ್ದೆ. ನಾನು “ಸ್ವಲ್ಪ ದಿನ ರೆಸ್ಟ್ ತಗೋ” ಎಂದಿದ್ದೆ. ಅದೊಂದು ಮಾತನ್ನು ಹೊಟ್ಟೆಗೆ ಹಾಕಿಕೋ. ನಾಚಿಕೆ ಬಿಟ್ಟು ಕೇಳುತ್ತಿದ್ದೇನೆ, ಕಾಲಿಗೆ ಬಿದ್ದೆ ಎಂದುಕೋ. ನೀನು ಬಾರದಿದ್ದರೆ ನಾನು ಹುಟ್ಟಿದ ರಸ್ತೆಯ ಜನರೆಲ್ಲರ ಮುಂದೆ ಬೀಳುತ್ತೇನೆ.

ತಂಗಿಗೆ ನನ್ನ ನೆನಪು ಹೇಳು. ಮಗಳಿಗೆ ಹನ್ನೊಂದು ತುಂಬಿತಲ್ಲವೇ? ಅವಳ ತಲೆಯ ಮೇಲೆ ಕೈ ಇಟ್ಟು ಹರಸಿದೆ ಎಂದು ತಿಳಿಸು. ಆಯುಷ್ಯ, ಆರೋಗ್ಯ, ವಿದ್ಯೆ, ಅವಳಪ್ಪನಿಗಿರುವ ಒಳ್ಳೆಯ ಬುದ್ಧಿ ಎಲ್ಲ ಬರಲಿ. ಅವಳ ದೊಡ್ಡಪ್ಪನ ಬುದ್ಧಿ ಬೇಡ. ಅಮ್ಮ ನಿನ್ನನ್ನು ಕೇಳಿದಳು ಎಂದು ಬರೆಯಲು ಹೇಳಿದ್ದಾಳೆ.

ನಿನ್ನ,
ಕಂಬ

ತಾಜಾ ಕಲಂ: ಮರೆತಿದ್ದೆ ಎಂದು ಸುಳ್ಳು ಹೇಳುವುದಿಲ್ಲ, ಬರೆಯಬಾರದೆಂದೇ ಬಿಟ್ಟಿದ್ದೆ. ಕವರಿಗೆ ಹಾಕಿ, ಅಂಟಿಸಲಾಗದೆ ಮತ್ತೆ ತೆಗೆದಿದ್ದೇನೆ.

ಮೇಷ್ಟ್ರು ನಿನ್ನ ವಿಷಯ ಕೇಳಿದರು ಎಂದೆ. ಏನು ಕೇಳಿದರು ಎಂದು ಬರೆಯಲಿಲ್ಲ. “ನಿನ್ನ ಜೊತೆ ಹೊಡೀತಿದ್ದ ಹುಡುಗ ಎಲ್ಲಯ್ಯಾ?” ಎಂದರು. ಬಿಟ್ಟುಬಿಟ್ಟ, ಅವನ ಲಯ ಕೈಕೊಟ್ಟಿತು ಎಂದೆ. ಅವರು ಕೋಲನ್ನು ನೆಲಕ್ಕೆ ಕುಟ್ಟಿದರು. “ಯಾರು ಹೇಳಿದ್ದು? ಇಪ್ಪತ್ತು ವರ್ಷ ನನ್ನ ಗೋಡೆ ಮೇಲೆ ಅವನ ಏಟು ಬಿದ್ದಿದೆ. ಒಂದು ದಿನ ತಪ್ಪಿಲ್ಲ. ಕೊನೇ ಎರಡು ವರ್ಷ ಹಿಂದೆ ಬೀಳ್ತಿದ್ದೋನು ನೀನು” ಎಂದರು.

ಬೆರಳು ಕೆಟ್ಟು ಎರಡು ವರ್ಷವಲ್ಲ ಕಣೋ, ಎಂಟು. ಆ ಕೊನೆಯ ರೆಕಾರ್ಡಿಂಗಿನಲ್ಲಿ ನಾವಿಬ್ಬರೂ ಬೇರೆ ಬೇರೆಯಾಗಿ ಕೇಳಿಸಿದಾಗ ಎಲ್ಲರೂ ನಿನ್ನನ್ನು ನೋಡಿದರು. ನೀವೆಲ್ಲ ಊಟಕ್ಕೆ ಹೋದ ಮೇಲೆ ಸ್ಟುಡಿಯೋದವನು ನನ್ನನ್ನು ಕರೆದು ಪರದೆಯ ಮೇಲೆ ತೋರಿಸಿದ. ನಿನ್ನ ಪ್ರತಿ ಏಟೂ ತಾಳದ ಗೆರೆಯ ಮೇಲೆ ಕೂತಿತ್ತು. ನನ್ನ ಸ್ವರಗಳು ಒಂದೊಂದೂ ಗೆರೆ ದಾಟಿ ಆಚೆ ಬಿದ್ದಿದ್ದವು. ಅವುಗಳನ್ನು ಹಿಂದಕ್ಕೆ ಜರುಗಿಸಿಬಿಡು, ಯಾರಿಗೂ ಹೇಳಬೇಡ ಎಂದು ಕೈ ಮುಗಿದೆ. ಸಂಜೆ ಮ್ಯಾನೇಜರಿಗೆ ಹೇಳಿದವನು ನಾನು. ‘ಡಬ್ಬನ ಲಯ ಕೈಕೊಟ್ಟಿದೆ’ ಎಂದು ಅವರು ನಿನಗೆ ಹೇಳಿದ ಮಾತು, ಅಕ್ಷರ ಅಕ್ಷರವೂ ನನ್ನದು. ನೀನಿಲ್ಲದಿದ್ದರೆ ನನ್ನ ನುಡಿಕೆಯನ್ನು ಪಕ್ಕದಲ್ಲಿಟ್ಟು ಹೋಲಿಸಿ ನೋಡಲು ಏನೂ ಇರುವುದಿಲ್ಲ ಎಂದುಕೊಂಡೆ.

ಇದನ್ನೂ ಸಾಯುವವರೆಗೆ ನುಂಗಿಕೊಂಡಿರುತ್ತಿದ್ದೆನೇನೋ. ಆದರೆ ನಿನ್ನ ಅಕ್ಕ ಇನ್ನೊಂದು ಮಾತು ಹೇಳಿದರು. ಮಗಳು ಶಾಲೆಯಲ್ಲಿ ಡ್ರಮ್ ಕಲಿಯುತ್ತೇನೆ ಎಂದಳಂತೆ. ನೀನು, “ಬೇಡ ಪುಟ್ಟಿ, ನಮ್ಮ ರಕ್ತದಲ್ಲಿ ಲಯ ಇಲ್ಲ” ಎಂದೆಯಂತೆ. ಅವಳು ಹೌದೆಂದು ನಂಬಿ ಹೆಸರು ವಾಪಸ್ ತೆಗೆಸಿಕೊಂಡಳಂತೆ.

ಇಪ್ಪತ್ತಮೂರಕ್ಕೆ ನೀನು ಬರಬೇಡ. ಬಾ ಎಂದು ಕೇಳುವ ಯೋಗ್ಯತೆ ನನಗಿಲ್ಲ. ಈ ಕೊನೆಯ ಹಾಳೆಯೊಂದನ್ನು ಮಾತ್ರ ಅವಳನ್ನು ಕೂರಿಸಿಕೊಂಡು ಓದಿ ಹೇಳು. ಯಾರು ಬರೆದದ್ದು ಎಂದೂ ಹೇಳು. ಆಮೇಲೆ ಅವಳು ನನ್ನನ್ನು ದೊಡ್ಡಪ್ಪ ಎಂದು ಕರೆಯದಿದ್ದರೆ ಅದೂ ಸರಿಯೇ.