ನಿನ್ನ ಹೆಸರಿನ ಮೌನ

ಲಯನೆಲ್,

ಸತ್ತ ಮೇಲೂ ನನ್ನಿಂದ ಬೈಸಿಕೊಳ್ಳುವುದನ್ನು ನೀನು ಬಿಟ್ಟಿಲ್ಲ. ಇವತ್ತು ಲಂಡನ್ನಿನಲ್ಲಿ ನೀನು ನಿರ್ದೇಶಿಸಿದ ಹಳೆಯ ಟೀವಿ ನಾಟಕವೊಂದನ್ನು ತೋರಿಸಿದರು. ಉಳಿದಿರುವುದು ಅದೊಂದೇ. ಮಿಕ್ಕವನ್ನೆಲ್ಲ ಟೇಪು ದುಬಾರಿಯೆಂದು ಅಳಿಸಿ, ಅದರ ಮೇಲೆ ಫುಟ್‌ಬಾಲ್ ತುಂಬಿದರಲ್ಲ, ಪುಣ್ಯಾತ್ಮರು!

ತಾಯಿಯ ಸಾವಿನ ಸುದ್ದಿ ಕೇಳಿ ಮಗ ಮಾತಿಲ್ಲದೆ ನಿಲ್ಲುವ ದೃಶ್ಯ ಬಂತು. "ಎಂಥಾ ಮೌನ ನೋಡಿ! ಗಡಿಯಾರದ ಸದ್ದೂ ಇಲ್ಲ. ಇದು ನಿರ್ದೇಶಕನ ಪ್ರತಿಭೆ," ಎಂದ, ನಾಟಕದ ಬಗ್ಗೆ ಮಾತಾಡಲು ಬಂದಿದ್ದ ಪ್ರಾಧ್ಯಾಪಕ ಗ್ರಹಾಂ.

ಪ್ರತಿಭೆಯಂತೆ! ನೇರ ಪ್ರಸಾರದ ನಡುವೆ ನಟ ಬ್ಯಾಸಿಲ್‌ಗೆ ಮಾತು ಮರೆತುಹೋಗಿತ್ತು. ನಟರಿಗೆ ಮಾತು ನೆನಪಿಸಲು ಮರೆಯಲ್ಲಿ ಕೂತಿದ್ದ ನನ್ನ ಕೈಗೆ ಅಂಥ ಹೊತ್ತಿಗೆಂದೇ ಕೊಟ್ಟಿದ್ದ ಗುಂಡಿಯನ್ನು ಒತ್ತಿ, ಮನೆಯಲ್ಲಿ ನೋಡುವವರಿಗೆಲ್ಲ ಸದ್ದು ನಿಲ್ಲಿಸಿ, ಅವನಿಗೆ ಮಾತು ಕೂಗಿ ಹೇಳಿದವಳು ನಾನು. ಮರುದಿನ ಪತ್ರಿಕೆಗಳು ಹೊಗಳಿದಾಗ ನೀನು ನಕ್ಕು ಸುಮ್ಮನಾದೆ. ಸಾಯುವವರೆಗೂ ಸುಮ್ಮನೇ ಇದ್ದೆ.

ಹೇಳಿಯೇಬಿಡೋಣವೆಂದು ಎದ್ದುನಿಂತೆ. ಅಷ್ಟರಲ್ಲಿ ಗ್ರಹಾಂ, "ಪಾಪ, ಆಮೇಲೆ ಹೊಟ್ಟೆಪಾಡಿಗೆ ಕಳ್ಳ-ಪೊಲೀಸ್ ಧಾರಾವಾಹಿ ಮಾಡ್ಕೊಂಡಿದ್ರು. ಈ ಮೌನ ಒಂದಿಲ್ದಿದ್ರೆ ಅವರನ್ನ ಯಾರು ಕೇಳ್ತಿದ್ರು?" ಎಂದ. ಸಭೆ ನಕ್ಕಿತು. ನನಗೆ ಮೈಯೆಲ್ಲ ಉರಿಯಿತು.

"ಏನಮ್ಮಾ, ಏನಾದ್ರೂ ಕೇಳ್ಬೇಕಿತ್ತಾ?"

"ಕೇಳೋದೇನಿಲ್ಲಪ್ಪ. ಅವತ್ತು ನಾನು ಅಲ್ಲೇ ಇದ್ದೆ. ಆ ಮೌನ ಪೂರ್ತಿ ಅವರದ್ದೇ. ನಗೋರು ಹೊರಗೆ ಹೋಗಿ ನಗ್ರಿ."

ಸಭೆ ತೆಪ್ಪಗಾಯಿತು.

ಇವತ್ತೂ ಗುಂಡಿ ಒತ್ತಿದವಳು ನಾನೇ, ಲಯನೆಲ್.